ತೀರ್ಪು ಬಂದರೂ ಮಾಲೀಕರು ಪಾಲಿಸುತ್ತಿಲ್ಲವೇ? ಕೊಡಗಿನ ಕಾರ್ಮಿಕರಿಗೆ ನ್ಯಾಯಾಂಗ ನಿಂದನೆ ಅರ್ಜಿಯ ದಾರಿ

ಕೇಸು ಗೆದ್ದಾಯಿತು. ಕೆಲಸಕ್ಕೆ ವಾಪಸ್ ತೆಗೆದುಕೊಳ್ಳಿ, ಬಾಕಿ ಸಂಬಳ ಕೊಡಿ ಎಂದು ಆದೇಶವೂ ಬಂತು. ತಿಂಗಳುಗಳು ಕಳೆದವು. ತೋಟದ ಆಫೀಸಿಗೆ ಹೋದರೆ ಅಲ್ಲಿನ ಲೆಕ್ಕ ಬರೆಯುವ ರೈಟರ್ ಹೇಳುವುದು ಒಂದೇ ಮಾತು: "ಸಾಹುಕಾರ್ರು ಬರಲಿ, ಆಮೇಲೆ ನೋಡೋಣ." ಕೊಡಗಿನ ಕಾಫಿ ತೋಟಗಳಲ್ಲಿ, ರೆಸಾರ್ಟುಗಳಲ್ಲಿ, ಸರ್ಕಾರಿ ಕಚೇರಿಗಳಲ್ಲಿ ದಿನಗೂಲಿ ಮಾಡಿದವರಲ್ಲೂ ಈ ಸ್ಥಿತಿಯಲ್ಲಿ ಸಿಕ್ಕಿಕೊಂಡವರು ಇದ್ದಾರೆ. ಅವರಿಗೆ ಎಲ್ಲರೂ ಕೊಡುವ ಸಲಹೆ ಒಂದೇ: "ಕಂಟೆಂಪ್ಟ್ ಹಾಕಿಬಿಡಿ, ಜೈಲಿಗೆ ಹೋಗ್ತಾರೆ."

ಕಂಟೆಂಪ್ಟ್ ಎಂದರೆ ನ್ಯಾಯಾಂಗ ನಿಂದನೆ, ಕೋರ್ಟಿನ ಆದೇಶವನ್ನು ಬೇಕೆಂದೇ ಪಾಲಿಸದವರ ಮೇಲೆ ಹಾಕುವ ಅರ್ಜಿ. ಅದಕ್ಕೆ ದೊಡ್ಡ ಶಕ್ತಿ ಇದೆ, ನಿಜ. ಆದರೆ ಎಲ್ಲ ಆದೇಶಕ್ಕೂ ಅದು ಹೊಂದುವುದಿಲ್ಲ. ತಪ್ಪು ಜಾಗದಲ್ಲಿ ಹಾಕಿದರೆ ಹೈಕೋರ್ಟ್ "ನಿಮಗೆ ಬೇರೆ ದಾರಿ ಇದೆ, ಅಲ್ಲಿಗೆ ಹೋಗಿ" ಎಂದು ಕಳಿಸುತ್ತದೆ. ಅಷ್ಟರಲ್ಲಿ ಸರಿಯಾದ ದಾರಿಯ ಗಡುವು ಮುಗಿದಿರಬಹುದು. ಹಾಗಾಗಿ ವಕೀಲರ ಬಳಿ ಹೋಗುವ ಮುಂಚೆ ಮನೆಯಲ್ಲೇ ಕೂತು ನೋಡಿಕೊಳ್ಳಬೇಕಾದ ಕೆಲವು ವಿಷಯಗಳಿವೆ.

ಮೊದಲ ಹೆಜ್ಜೆ: ಆದೇಶ ಕೊಟ್ಟವರು ಯಾರು?

ಕಾಗದದ ಮೊದಲ ಪುಟ ತೆಗೆದು ನೋಡಿ. ಮುಂದಿನದೆಲ್ಲ ಇದರ ಮೇಲೆ ನಿಂತಿದೆ.

ಹೈಕೋರ್ಟ್ ಆದೇಶವಾಗಿದ್ದರೆ ನಿಂದನೆ ಅರ್ಜಿಯ ದಾರಿ ನೇರವಾಗಿ ತೆರೆದಿದೆ. ಸಂವಿಧಾನದ 215ನೇ ವಿಧಿ ಮತ್ತು 1971ರ ನ್ಯಾಯಾಂಗ ನಿಂದನೆ ಕಾಯ್ದೆ ಹೈಕೋರ್ಟಿಗೆ ಈ ಅಧಿಕಾರ ಕೊಟ್ಟಿವೆ. ಕೊಡಗು ಬೆಂಗಳೂರಿನ ಪ್ರಧಾನ ಪೀಠಕ್ಕೆ ಸೇರುತ್ತದೆ. ಧಾರವಾಡ, ಕಲಬುರಗಿ ಪೀಠಗಳು ನಮಗೆ ಬರುವುದಿಲ್ಲ.

ಲೇಬರ್ ಕೋರ್ಟಿನ ತೀರ್ಪಾದರೆ ವಿಷಯ ಬೇರೆ. 1947ರ ಕೈಗಾರಿಕಾ ವಿವಾದ ಕಾಯ್ದೆಗೆ (2025ರ ನವೆಂಬರ್‌ನಲ್ಲಿ ಇದರ ಜಾಗಕ್ಕೆ ಹೊಸ ಸಂಹಿತೆ ಬಂದಿದೆ, ಹಾಗಾಗಿ ಮುಂದೆ ಇದನ್ನು ಹಳೆಯ ಕಾಯ್ದೆ ಎನ್ನುತ್ತೇನೆ) 2010ರಲ್ಲಿ ತಿದ್ದುಪಡಿ ಬಂತು. ಅದರ ಪ್ರಕಾರ ಲೇಬರ್ ಕೋರ್ಟ್ ತನ್ನ ತೀರ್ಪನ್ನು ಸಿವಿಲ್ ಕೋರ್ಟಿಗೆ ಕಳಿಸಬೇಕು. ಸಿವಿಲ್ ಕೋರ್ಟ್ ಅದನ್ನು ತನ್ನದೇ ಡಿಕ್ರಿ (ತೀರ್ಪಿನ ಆದೇಶ) ಎನ್ನುವಂತೆ ಅಮಲ್ಜಾರಿ ಮಾಡಬೇಕು, ಅಂದರೆ ಜಪ್ತಿಯಂಥ ಕ್ರಮದಿಂದ ಜಾರಿಗೆ ತರಬೇಕು. ಇಷ್ಟು ಸ್ಪಷ್ಟವಾದ ದಾರಿ ಇರುವಾಗ ನೀವು ನೇರ ಹೈಕೋರ್ಟಿಗೆ ನಿಂದನೆ ಅರ್ಜಿ ಹಿಡಿದುಕೊಂಡು ಹೋದರೆ, ಮೊದಲು ಅಮಲ್ಜಾರಿಗೆ ಹೋಗಿ ಎಂದೇ ಹೇಳುವ ಸಾಧ್ಯತೆ ಜಾಸ್ತಿ. ಆ ತೀರ್ಪನ್ನು ಮಾಲೀಕರು ಹೈಕೋರ್ಟಿನಲ್ಲಿ ಪ್ರಶ್ನಿಸಿ ಸೋತಿದ್ದಾರೆ ಎಂದುಕೊಳ್ಳಿ. ಆಗ ಹೈಕೋರ್ಟ್ ತಾನೇ ಏನಾದರೂ ನಿರ್ದೇಶನ ಕೊಟ್ಟಿದೆಯೇ, ಇಂತಿಷ್ಟು ವಾರದಲ್ಲಿ ಪಾಲಿಸಿ ಎಂದಿದೆಯೇ ನೋಡಿ. ಹಾಗೆ ಹೇಳಿದ್ದರೆ ಆ ನಿರ್ದೇಶನದ ಮೇಲೆ ನಿಂದನೆ ಅರ್ಜಿ ಹಾಕಬಹುದು. ಸುಮ್ಮನೆ "ಅರ್ಜಿ ವಜಾ" ಎಂದಷ್ಟೇ ಬರೆದಿದ್ದರೆ ಮತ್ತೆ ಲೇಬರ್ ಕೋರ್ಟ್ ತೀರ್ಪಿನ ಅಮಲ್ಜಾರಿಯೇ ದಾರಿ.

ಸರ್ಕಾರಿ ನೌಕರರ ಸೇವಾ ವಿಷಯದಲ್ಲಿ ಕರ್ನಾಟಕ ಆಡಳಿತ ನ್ಯಾಯಮಂಡಳಿ ಆದೇಶ ಕೊಟ್ಟಿದ್ದರೆ, ನಿಂದನೆ ಅರ್ಜಿಯನ್ನು ಆ ಮಂಡಳಿಯಲ್ಲೇ ಹಾಕಬೇಕು. 1985ರ ಕಾಯ್ದೆ ಅದಕ್ಕೆ ಆ ಅಧಿಕಾರ ಕೊಟ್ಟಿದೆ.

ಕೊಡಗಿನಲ್ಲಿ ಇನ್ನೊಂದು ರೀತಿಯ ತಕರಾರೂ ಇದೆ, ಲೈನ್ ಮನೆಯದು, ಅಂದರೆ ತೋಟದಲ್ಲಿ ಕಾರ್ಮಿಕರಿಗೆ ಕೊಟ್ಟ ಸಾಲುಮನೆಯದು. ಕೆಲಸದಿಂದ ತೆಗೆದ ಮೇಲೆ ಮನೆಯನ್ನೂ ಖಾಲಿ ಮಾಡಿಸಲು ನೋಡುತ್ತಾರೆ. ಕಾರ್ಮಿಕರು ಸ್ಥಳೀಯ ಸಿವಿಲ್ ಕೋರ್ಟಿಗೆ ಹೋಗಿ ತಾತ್ಕಾಲಿಕ ತಡೆಯಾಜ್ಞೆ ತರುತ್ತಾರೆ. ಆಮೇಲೆ ಮಾಲೀಕರ ಕಡೆಯವರು ನೀರಿನ ಪೈಪು ಕಿತ್ತು ಹಾಕುತ್ತಾರೆ, ಹೆಂಚು ತೆಗೆಯುತ್ತಾರೆ. ಇದಕ್ಕೆ ಬೆಂಗಳೂರಿಗೆ ಓಡಬೇಕಾಗಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 2ಎ ನಿಯಮದಡಿ, ತಡೆಯಾಜ್ಞೆ ಕೊಟ್ಟ ಅದೇ ಕೋರ್ಟಿನಲ್ಲಿ ಅರ್ಜಿ ಹಾಕಿ. ಆಜ್ಞೆ ಮುರಿದವರ ಆಸ್ತಿ ಜಪ್ತಿ ಮಾಡುವ, 3 ತಿಂಗಳವರೆಗೆ ಸಿವಿಲ್ ಕಾರಾಗೃಹಕ್ಕೆ ಕಳಿಸುವ ಅಧಿಕಾರ ಅಲ್ಲೇ ಇದೆ. ನೀರು ನಿಲ್ಲಿಸಿದ ದಿನವೇ ದಿನಾಂಕ ಕಾಣುವಂತೆ ಫೋಟೋ ತೆಗೆದಿಡಿ. ಮಳೆಗಾಲದಲ್ಲಿ ಹೆಂಚು ತೆಗೆದಿದ್ದರೆ ತುರ್ತು ಅರ್ಜಿ ಎಂದು ವಕೀಲರಿಗೆ ಒತ್ತಿ ಹೇಳಿ. ಮಕ್ಕಳು, ವಯಸ್ಸಾದವರು ಮನೆಯಲ್ಲಿದ್ದರೆ ಅದನ್ನೂ ಅರ್ಜಿಯಲ್ಲಿ ಬರೆಸಿ.

ಎರಡನೇ ಹೆಜ್ಜೆ: ಆದೇಶದ ಕೊನೆಯ ಪ್ಯಾರಾ

ತೀರ್ಪು ನಲವತ್ತು ಪುಟ ಇದ್ದರೂ ನಿಮಗೆ ಬೇಕಾದದ್ದು ಕೊನೆಯಲ್ಲಿ "ಆದೇಶ" ಎಂದು ಬರೆದಿರುವ ಭಾಗ. ಅಲ್ಲಿ ಏನಿದೆಯೋ ಅಷ್ಟನ್ನೇ ನಿಂದನೆ ಕೋರ್ಟ್ ನೋಡುತ್ತದೆ. ನಡುವಿನ ಪುಟಗಳಲ್ಲಿ ನ್ಯಾಯಾಧೀಶರು ನಿಮ್ಮ ಪರ ಎಷ್ಟೇ ಬರೆದಿರಲಿ, ಆದೇಶದ ಭಾಗದಲ್ಲಿ ಬಡ್ತಿ ಎಂದು ಇಲ್ಲದಿದ್ದರೆ ನಿಂದನೆ ಅರ್ಜಿಯಲ್ಲಿ ಬಡ್ತಿ ಕೇಳಲು ಬರುವುದಿಲ್ಲ.

ಇಲ್ಲಿ ಬಹಳ ಜನ ಮೋಸ ಹೋಗುವ ಒಂದು ಪದ ಇದೆ: "ಪರಿಗಣಿಸಿ". ಸರ್ಕಾರಿ ಇಲಾಖೆಗಳ ವಿರುದ್ಧ ನೇರ ಹೈಕೋರ್ಟಿಗೆ ಹಾಕುವ ಎಷ್ಟೋ ರಿಟ್ ಅರ್ಜಿಗಳು "ಅರ್ಜಿದಾರರ ಮನವಿಯನ್ನು 3 ತಿಂಗಳಲ್ಲಿ ಪರಿಗಣಿಸಿ" ಎಂದು ಮುಗಿಯುತ್ತವೆ. ಮನೆಯವರೆಲ್ಲ ಗೆದ್ದೆವು ಎಂದುಕೊಳ್ಳುತ್ತಾರೆ. ಅಧಿಕಾರಿ ಮನವಿ ಓದಿ, ಕಾರಣ ಬರೆದು, ತಿರಸ್ಕರಿಸಿದರೆ? ಆದೇಶ ಪಾಲಿಸಿದಂತೆಯೇ ಆಯಿತು. ತಿರಸ್ಕರಿಸಿದ್ದು ತಪ್ಪು ಅನಿಸಿದರೆ ಅದನ್ನು ಹೊಸ ರಿಟ್ ಅರ್ಜಿಯಲ್ಲಿ ಪ್ರಶ್ನಿಸಬೇಕು. ಅವರು ಏನನ್ನೂ ಮಾಡದೆ ಫೈಲ್ ಮುಚ್ಚಿಟ್ಟುಕೊಂಡು ಕೂತಿದ್ದರೆ ಮಾತ್ರ ನಿಂದನೆ.

ಆದೇಶದಲ್ಲಿ ಏನೇನು ಇದೆ ಎಂದು ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ಕೆಲಸಕ್ಕೆ ವಾಪಸ್, ಸೇವೆಯ ಮುಂದುವರಿಕೆ, ಹಿಂಬಾಕಿ ಸಂಬಳ ಪೂರ್ತಿಯೋ ಅರ್ಧವೋ, ಬಡ್ಡಿ, ಗಡುವು. ಪ್ರತಿಯೊಂದರ ಮುಂದೆ ಆಗಿದೆಯೇ ಇಲ್ಲವೇ ಎಂದು ಗುರುತು ಹಾಕಿ. ಈ ಹಾಳೆ ಕೊನೆಯವರೆಗೂ ಬೇಕಾಗುತ್ತದೆ.

ಮೂರನೇ ಹೆಜ್ಜೆ: ಆದೇಶ ಅವರಿಗೆ ಗೊತ್ತಿದೆ ಎಂದು ತೋರಿಸುವ ಪುರಾವೆ

ಕಾಯ್ದೆ ಕೇಳುವುದು ಬೇಕೆಂದೇ ಮಾಡಿದ ಉಲ್ಲಂಘನೆಯನ್ನು. "ನಮಗೆ ಆದೇಶದ ಪ್ರತಿ ಬಂದೇ ಇಲ್ಲ", "ನಾವು ಕರೆದೆವು, ಅವರೇ ಕೆಲಸಕ್ಕೆ ಬರಲಿಲ್ಲ" ಎನ್ನುವ ಮಾತುಗಳು ಎದುರುಪಕ್ಷದ ಬಾಯಲ್ಲಿ ಸಿದ್ಧವಾಗಿರುತ್ತವೆ. ಈ ಎರಡೂ ಬಾಗಿಲನ್ನು ಮೊದಲೇ ಮುಚ್ಚಿ.

ಸರ್ಟಿಫೈಡ್ ಕಾಪಿಗೆ ಆದೇಶ ಬಂದ ವಾರದಲ್ಲೇ ಅರ್ಜಿ ಹಾಕಿ. ಹೈಕೋರ್ಟ್ ಜಾಲತಾಣದಿಂದ ಇಳಿಸಿಕೊಂಡ ಪ್ರತಿ ಓದಲು ಸಾಕು, ಅರ್ಜಿಗೆ ಸರ್ಟಿಫೈಡ್ ಕಾಪಿ ಬೇಕು. ಅದರ ಜೆರಾಕ್ಸ್ ಜೊತೆಗೆ ಒಂದು ಪತ್ರ ಬರೆಯಿರಿ. ತುಂಬ ಸಾಹಿತ್ಯ ಬೇಡ. ಇಂಥ ದಿನಾಂಕದ ಆದೇಶದಂತೆ ನಾನು ಇಂಥ ದಿನ ಬೆಳಿಗ್ಗೆ ಕೆಲಸಕ್ಕೆ ಹಾಜರಾಗುತ್ತೇನೆ, ಬಾಕಿ ಹಣವನ್ನು ನನ್ನ ಈ ಬ್ಯಾಂಕ್ ಖಾತೆಗೆ ಹಾಕಿ, ಇಷ್ಟೇ. ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ. ತಲುಪಿದ ಬಗ್ಗೆ ಅಂಚೆ ಇಲಾಖೆಯ ಟ್ರ್ಯಾಕಿಂಗ್ ಪುಟವನ್ನು ಆಗಲೇ ಪ್ರಿಂಟ್ ತೆಗೆದಿಡಿ.

ಹೇಳಿದ ದಿನ ನಿಜಕ್ಕೂ ಹೋಗಿ. ಒಬ್ಬರೇ ಹೋಗಬೇಡಿ. ಯೂನಿಯನ್‌ನವರನ್ನೋ ಪಕ್ಕದ ಲೈನಿನ ಯಾರನ್ನಾದರೂ ಕರೆದುಕೊಂಡು ಹೋಗಿ. ಚೆಕ್‌ರೋಲ್‌ನಲ್ಲಿ (ಹಾಜರಿ ಪುಸ್ತಕದಲ್ಲಿ) ಹೆಸರು ಹಾಕಲು ಕೇಳಿ. ಹಾಕದಿದ್ದರೆ ಅಲ್ಲಿ ಜಗಳ ಬೇಡ. ಮನೆಗೆ ಬಂದು ಅದೇ ದಿನ ಇನ್ನೊಂದು ಪತ್ರ ಬರೆಯಿರಿ: ಇಷ್ಟು ಗಂಟೆಗೆ ಬಂದಿದ್ದೆ, ಇಂಥವರು ಕೆಲಸ ಕೊಡಲಿಲ್ಲ, ಜೊತೆಗೆ ಇಂಥವರು ಇದ್ದರು. ಅದನ್ನೂ ಸ್ಪೀಡ್ ಪೋಸ್ಟ್ ಮಾಡಿ. ಇದಕ್ಕೆ ಹೆಚ್ಚು ಖರ್ಚಿಲ್ಲ. ಆದರೆ ಹೈಕೋರ್ಟಿನಲ್ಲಿ ನಿಮ್ಮ ಅಫಿಡವಿಟ್‌ಗೆ ಬಲ ಬರುವುದು ಇಂಥ ಕಾಗದಗಳಿಂದಲೇ. ಗೇಟಿನಲ್ಲಿ ಬಾಯಿಮಾತಲ್ಲಿ ಹೇಳಿ ಬಂದದ್ದಕ್ಕೆ ಅಷ್ಟು ಬೆಲೆ ಇಲ್ಲ.

ನಾಲ್ಕನೇ ಹೆಜ್ಜೆ: ಮೇಲ್ಮನವಿ, ತಡೆ, ಕೇವಿಯಟ್

"ನಾವು ಅಪೀಲು ಹಾಕಿದ್ದೇವೆ, ಈಗ ಏನೂ ಕೇಳಬೇಡಿ" ಎಂದು ಮಾಲೀಕರು ಹೇಳಬಹುದು. ಅಪೀಲು ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ. ತಡೆಯಾಜ್ಞೆ ಸಿಕ್ಕಿದ್ದರೆ ಮಾತ್ರ ನಿಲ್ಲುತ್ತದೆ. ಹೈಕೋರ್ಟಿನ ಏಕಸದಸ್ಯ ಪೀಠದ ರಿಟ್ ಆದೇಶದ ಮೇಲೆ ಇಬ್ಬರು ನ್ಯಾಯಾಧೀಶರ ವಿಭಾಗೀಯ ಪೀಠಕ್ಕೆ ಹೋಗಲು 30 ದಿನ ಇದೆ. ತಡೆ ಅರ್ಜಿ ಬಾಕಿ ಇರುವಾಗ ನಿಂದನೆ ಅರ್ಜಿ ಬಂದರೆ, ಕೋರ್ಟ್ ಮೊದಲು ಆ ತಡೆ ಅರ್ಜಿ ತೀರ್ಮಾನವಾಗಲಿ ಎನ್ನಬಹುದು.

ಹಾಗಾಗಿ ತೀರ್ಪು ಬಂದ ಕೂಡಲೇ ಕೇವಿಯಟ್ ಹಾಕಿಸಿ. ನಿಮ್ಮ ಮಾತು ಕೇಳದೆ ಎದುರುಪಕ್ಷಕ್ಕೆ ತಡೆ ಕೊಡಬೇಡಿ ಎಂದು ಮೊದಲೇ ಕೋರ್ಟಿಗೆ ತಿಳಿಸುವ ಅರ್ಜಿ ಅದು. 90 ದಿನ ಇರುತ್ತದೆ, ಮುಗಿದರೆ ಹೊಸದಾಗಿ ಹಾಕಬೇಕು. ಗೆದ್ದ ಖುಷಿಯಲ್ಲಿ ಇದನ್ನು ಮರೆಯುವವರೇ ಹೆಚ್ಚು.

ಲೇಬರ್ ಕೋರ್ಟ್ ಕೆಲಸಕ್ಕೆ ವಾಪಸ್ ತೆಗೆದುಕೊಳ್ಳಿ ಎಂದಿದ್ದು, ಮಾಲೀಕರು ಹೈಕೋರ್ಟಿಗೆ ಹೋಗಿದ್ದಾರೆ ಎಂದುಕೊಳ್ಳಿ. ಆ ಕೇಸು ಮುಗಿಯುವವರೆಗೆ ನಿಮಗೆ ಕೊನೆಯದಾಗಿ ಸಿಗುತ್ತಿದ್ದ ಪೂರ್ತಿ ಸಂಬಳ ಕೇಳುವ ಹಕ್ಕು ನಿಮಗಿದೆ. ಹಳೆಯ ಕಾಯ್ದೆಯಲ್ಲಿ ಇದು 17ಬಿ ಕಲಂ. ಬೇರೆಲ್ಲೂ ಕೆಲಸದಲ್ಲಿಲ್ಲ ಎಂದು ನೀವು ಅಫಿಡವಿಟ್ ಕೊಡಬೇಕು. ಸುಳ್ಳು ಬರೆಯಬೇಡಿ. ಪಕ್ಕದ ತೋಟದಲ್ಲಿ ಕಾಯಂ ಕೆಲಸ ಮಾಡುತ್ತಿದ್ದರೆ ಅದು ಹೇಗಾದರೂ ಹೊರಗೆ ಬರುತ್ತದೆ.

ಐದನೇ ಹೆಜ್ಜೆ: ಒಂದು ವರ್ಷದ ಲೆಕ್ಕ

ನಿಂದನೆ ಕಾಯ್ದೆಯ 20ನೇ ಕಲಂ ಗಟ್ಟಿ. ಉಲ್ಲಂಘನೆ ಆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಆ ದಿನ ಯಾವುದು? "ಆದೇಶದ ಪ್ರತಿ ಸಿಕ್ಕ 8 ವಾರದೊಳಗೆ" ಎಂದಿದ್ದರೆ, ಪ್ರತಿ ಅವರಿಗೆ ತಲುಪಿದ ದಿನಕ್ಕೆ 8 ವಾರ ಸೇರಿಸಿ. ಅದರ ಮಾರನೇ ದಿನದಿಂದ ವರ್ಷ ಶುರು. ಮೇಲೆ ಹೇಳಿದ ಟ್ರ್ಯಾಕಿಂಗ್ ಪ್ರಿಂಟ್ ಇಲ್ಲೂ ಉಪಯೋಗಕ್ಕೆ ಬರುತ್ತದೆ. ವರ್ಷದೊಳಗೆ ಅರ್ಜಿ ದಾಖಲಾಗಿದ್ದರೆ ಸಾಕು, ಕೋರ್ಟಿನ ತೀರ್ಮಾನ ಆಮೇಲೆ ಬಂದರೂ ತೊಂದರೆಯಿಲ್ಲ. ಪಲ್ಲವ್ ಶೇಠ್ ಪ್ರಕರಣದಲ್ಲಿ 2001ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ.

"ದಿನಾ ಪಾಲಿಸುತ್ತಿಲ್ಲ, ಹಾಗಾಗಿ ದಿನಾ ಹೊಸ ಉಲ್ಲಂಘನೆ" ಎಂಬ ವಾದವನ್ನು ನಂಬಿ ಕೂರಬೇಡಿ. "ಹಬ್ಬ ಮುಗಿಯಲಿ, ಕೊಯ್ಲು ಮುಗಿಯಲಿ" ಎಂದು ಮಾಲೀಕರ ಕಡೆಯವರು ಸಮಾಧಾನ ಹೇಳುತ್ತಿದ್ದರೆ ಕೇಳಿ, ಆದರೆ ಕ್ಯಾಲೆಂಡರ್ ಮೇಲೆ ಕಣ್ಣಿಡಿ. ನನ್ನ ಲೆಕ್ಕದಲ್ಲಿ ಗಡುವು ಮುಗಿದ 2 ತಿಂಗಳೊಳಗೆ ಲಾಯರ್ ನೋಟಿಸ್ ಹೋಗಿರಬೇಕು. ನೋಟಿಸ್ ಕೊಡುವುದು ಒಳ್ಳೆಯದು, ಎಷ್ಟೋ ಸಲ ಅಲ್ಲೇ ಕೆಲಸ ಮುಗಿಯುತ್ತದೆ. 15 ದಿನ ಸಮಯ ಕೊಟ್ಟರೆ ಸಾಕು.

ಆರನೇ ಹೆಜ್ಜೆ: ಅರ್ಜಿಯಲ್ಲಿ ಯಾರ ಹೆಸರು?

ಹೈಕೋರ್ಟಿನಲ್ಲಿ ಈ ಅರ್ಜಿಗೆ ಸಿ.ಸಿ.ಸಿ. ಎಂದು ನಂಬರ್ ಬೀಳುತ್ತದೆ. ಜೊತೆಗೆ ನಿಮ್ಮ ಅಫಿಡವಿಟ್, ಸರ್ಟಿಫೈಡ್ ಕಾಪಿ, ಪತ್ರಗಳು, ನೋಟಿಸ್, ತಲುಪಿದ ಪುರಾವೆ ಇರಬೇಕು.

ನಿಂದನೆ ಎನ್ನುವುದು ವ್ಯಕ್ತಿಯ ಮೇಲಿನ ಆರೋಪ. ಹಾಗಾಗಿ ಹುದ್ದೆಯ ಹೆಸರಷ್ಟೇ ಸಾಲದು, ಆ ಹುದ್ದೆಯಲ್ಲಿರುವವರ ಹೆಸರು ಬೇಕು. ಸರ್ಕಾರಿ ಇಲಾಖೆಯಾದರೆ ಆದೇಶ ಪಾಲಿಸಬೇಕಾಗಿದ್ದ ಅಧಿಕಾರಿ ಯಾರು ನೋಡಿ. ಅವರು ವರ್ಗವಾಗಿ ಹೋಗಿದ್ದರೆ ಈಗಿರುವವರಿಗೂ ಆದೇಶದ ಪ್ರತಿ ಕಳಿಸಿ, ಅರ್ಜಿಯಲ್ಲಿ ಇದನ್ನು ತಿಳಿಸಿ. ಕಂಪನಿ ತೋಟವಾದರೆ ನಿಂದನೆ ಕಾಯ್ದೆಯ 12ನೇ ಕಲಮಿನ ಪ್ರಕಾರ ಆ ವ್ಯವಹಾರದ ಹೊಣೆ ಹೊತ್ತಿದ್ದವರೆಲ್ಲ ಉತ್ತರ ಕೊಡಬೇಕು. ತೋಟದ ಮ್ಯಾನೇಜರ್ "ಹೆಡ್ ಆಫೀಸಿನವರು ಹೇಳಬೇಕು" ಎನ್ನುತ್ತಾರೆ, ಹೆಡ್ ಆಫೀಸಿನವರು "ಮ್ಯಾನೇಜರ್ ನೋಡ್ಕೊಳ್ತಾರೆ" ಎನ್ನುತ್ತಾರೆ. ಇಬ್ಬರ ಹೆಸರೂ ಇರಲಿ. ಕುಟುಂಬದ ಜಂಟಿ ತೋಟವಾದರೆ ಮೂಲ ಆದೇಶದಲ್ಲಿ ಪಕ್ಷಗಾರರಾಗಿದ್ದವರನ್ನು ಬಿಟ್ಟು ಸುಮ್ನೆ ಎಲ್ಲ ಅಣ್ಣತಮ್ಮಂದಿರನ್ನೂ ಎಳೆಯಬೇಡಿ. ಅರ್ಜಿ ದುರ್ಬಲವಾಗುತ್ತದೆ.

ಕೋರ್ಟಿನಲ್ಲಿ ನಡೆಯುವುದೇನು?

ಮೊದಲು ನೋಟಿಸ್. ಸಾಮಾನ್ಯವಾಗಿ ಎದುರುಪಕ್ಷದ ವಕೀಲರು ಬಂದು ಪಾಲಿಸಲು ಸಮಯ ಕೇಳುತ್ತಾರೆ. ಕೋರ್ಟ್ ಕೊಡುತ್ತದೆ. ಆಮೇಲೆ ಆದೇಶ ಪಾಲಿಸಿದ್ದೇವೆ ಎನ್ನುವ ಪಾಲನಾ ಅಫಿಡವಿಟ್ ಬರುತ್ತದೆ. ಬಹಳಷ್ಟು ಅರ್ಜಿಗಳು ಮುಗಿಯುವುದು ಈ ಹಂತದಲ್ಲೇ. ಆದ್ದರಿಂದ ನಿಮ್ಮ ಎಚ್ಚರ ಅತಿ ಹೆಚ್ಚು ಬೇಕಾದ ಹಂತವೂ ಇದೇ.

ಆ ಅಫಿಡವಿಟ್‌ನ ಪ್ರತಿಯನ್ನು ನಿಮ್ಮ ವಕೀಲರಿಂದ ಕೇಳಿ ಪಡೆಯಿರಿ. ಇಂಗ್ಲಿಷಿನಲ್ಲಿರುತ್ತದೆ, ಗೊತ್ತಿದ್ದವರ ಹತ್ತಿರ ಸಾಲು ಸಾಲಾಗಿ ಓದಿಸಿ. ಎರಡನೇ ಹೆಜ್ಜೆಯಲ್ಲಿ ಮಾಡಿದ ಹಾಳೆ ಪಕ್ಕದಲ್ಲಿಟ್ಟುಕೊಳ್ಳಿ. "ಕೆಲಸಕ್ಕೆ ತೆಗೆದುಕೊಂಡಿದ್ದೇವೆ" ಎಂದು ಬರೆದು ಹೊಸ ನೇಮಕಾತಿ ಪತ್ರ ಕೊಟ್ಟಿದ್ದರೆ? ಸೇವೆಯ ಮುಂದುವರಿಕೆ ಹೋಯಿತು, ನಾಳೆ ಗ್ರಾಚ್ಯುಟಿ ಲೆಕ್ಕ ಇವತ್ತಿನಿಂದ ಶುರುವಾಗುತ್ತದೆ. ಹಿಂಬಾಕಿ ಸಂಬಳದ ಲೆಕ್ಕ ಯಾವ ದರದಲ್ಲಿ ಹಾಕಿದ್ದಾರೆ? ಪಿಎಫ್ ಕಟ್ಟಿದ್ದಾರೆಯೇ? ವಿರಾಜಪೇಟೆ ಕಡೆಯ ತೋಟದಲ್ಲಿ ಇದ್ದವರನ್ನು ಸೋಮವಾರಪೇಟೆ ಕಡೆಯ ತೋಟಕ್ಕೆ ಹಾಕಿದ್ದಾರೆಯೇ? ತಪ್ಪಿದ್ದರೆ ಆಕ್ಷೇಪಣೆಯನ್ನು ಬರಹದಲ್ಲಿ ಹಾಕಿಸಿ. ಮುಂದಿನ ತಾರೀಕಿಗೆ ವಕೀಲರು "ಪಾಲನೆಯಾಗಿದೆ" ಎಂದು ಒಪ್ಪಿಬಿಟ್ಟರೆ ಫೈಲ್ ಮುಚ್ಚಿದಂತೆಯೇ. ಆಮೇಲೆ ತೆರೆಸುವುದು ಬಹಳ ಕಷ್ಟ.

ಹಣದ ಲೆಕ್ಕದಲ್ಲೇ ತಕರಾರು ಎದ್ದು, ಅವರು ಏನೋ ಒಂದು ಮೊತ್ತ ಕಟ್ಟಿದ್ದರೆ, ನಿಂದನೆ ಕೋರ್ಟ್ ಕೂತು ಲೆಕ್ಕ ಮಾಡುವುದಿಲ್ಲ. ಉಳಿದದ್ದಕ್ಕೆ ಬೇರೆ ಕಡೆ ಹೋಗಿ ಎನ್ನಬಹುದು. ಆಗ ನಿಮ್ಮ ವಕೀಲರು "ಉಳಿದ ಹಣಕ್ಕೆ ಕಾನೂನಿನ ಬೇರೆ ದಾರಿ ಹಿಡಿಯಲು ಅರ್ಜಿದಾರರಿಗೆ ಸ್ವಾತಂತ್ರ್ಯ ಇದೆ" ಎಂಬ ಸಾಲನ್ನು ಆದೇಶದಲ್ಲಿ ಬರೆಸಲೇಬೇಕು. ಕೇಳದಿದ್ದರೆ ಬರುವುದಿಲ್ಲ, ಕೇಳಿ.

ಪಾಲಿಸದೆ ಹಠ ಹಿಡಿದರೆ ಕೋರ್ಟ್ ಖುದ್ದು ಹಾಜರಿಗೆ ಕರೆಯಬಹುದು, ಆರೋಪ ಹೊರಿಸಬಹುದು. ಶಿಕ್ಷೆ 6 ತಿಂಗಳವರೆಗೆ ಸೆರೆ, 2,000 ರೂಪಾಯಿವರೆಗೆ ದಂಡ. ಪ್ರಾಮಾಣಿಕ ಕ್ಷಮೆ ಕೇಳಿದರೆ ಬಿಡಲೂಬಹುದು. ಈ ದಂಡದ ಹಣ ನಿಮಗೆ ಬರುವುದಿಲ್ಲ. ಮಾಲೀಕರನ್ನು ಜೈಲಿಗೆ ಕಳಿಸಿದರೂ ನಿಮ್ಮ ಬಾಕಿ ತಾನಾಗಿ ಖಾತೆಗೆ ಬೀಳುವುದಿಲ್ಲ.

ಹಣಕ್ಕೆ ಹಣದ ದಾರಿ

ಇದಕ್ಕೇ ನಾನು ಮತ್ತೆ ಮತ್ತೆ ಅಮಲ್ಜಾರಿ ಎನ್ನುವುದು. ಹಿಂಬಾಕಿ ಸಂಬಳ ವಸೂಲಿಗೆ ಹಳೆಯ ಕಾಯ್ದೆಯ 33ಸಿ ಕಲಂ ಇದೆ. ಮೊತ್ತ ಸ್ಪಷ್ಟವಾಗಿದ್ದರೆ ಕಾರ್ಮಿಕ ಇಲಾಖೆಗೆ ಅರ್ಜಿ ಕೊಡಿ. ಅವರು ವಸೂಲಿ ಪ್ರಮಾಣಪತ್ರ ಕೊಟ್ಟರೆ ಅದು ಜಿಲ್ಲಾಧಿಕಾರಿಗೆ ಹೋಗಿ, ಭೂಕಂದಾಯ ಬಾಕಿಯಂತೆ ವಸೂಲಾಗುತ್ತದೆ. ಇದಕ್ಕೂ ಒಂದು ವರ್ಷದ ಮಿತಿ ಇದೆ, ಸರಿಯಾದ ಕಾರಣ ಇದ್ದರೆ ತಡವಾದರೂ ತೆಗೆದುಕೊಳ್ಳಬಹುದು. ಮೊತ್ತ ಸ್ಪಷ್ಟವಾಗಿಲ್ಲದಿದ್ದರೆ ಲೇಬರ್ ಕೋರ್ಟಿನಲ್ಲೇ ಲೆಕ್ಕ ಹಾಕಿಸಬೇಕು. 2025ರ ನವೆಂಬರ್ 21ರಿಂದ ಹೊಸ ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. ಕಲಮುಗಳ ನಂಬರ್ ಬದಲಾಗಿವೆ. ನಿಮ್ಮ ತೀರ್ಪು ಯಾವಾಗಿನದು ಎಂದು ಹೇಳಿ, ಅರ್ಜಿ ಯಾವ ಕಾನೂನಿನಡಿ ಹಾಕಬೇಕು ಎಂದು ವಕೀಲರ ಬಳಿ ಮೊದಲೇ ಕೇಳಿಕೊಳ್ಳಿ.

ಸಿವಿಲ್ ಕೋರ್ಟಿನ ಅಮಲ್ಜಾರಿ ಅರ್ಜಿಯಲ್ಲಿ ಏನನ್ನು ಜಪ್ತಿ ಮಾಡಬೇಕು ಎಂದು ನೀವೇ ತೋರಿಸಿಕೊಡಬೇಕು. ತೋಟದ ಪಹಣಿಯನ್ನು ಭೂಮಿ ತಾಣದಲ್ಲಿ ತೆಗೆಯಬಹುದು. ಸರ್ವೆ ನಂಬರ್, ಬ್ಯಾಂಕ್ ಖಾತೆ, ಜೀಪು, ಟ್ರ್ಯಾಕ್ಟರ್, ಗೊತ್ತಿರುವುದೆಲ್ಲ ಬರೆದುಕೊಡಿ. ನಮ್ಮಲ್ಲಿ ಒಂದು ಅನುಕೂಲ ಇದೆ. ಅರೇಬಿಕಾ ನವೆಂಬರ್ ಹೊತ್ತಿಗೆ ಹಣ್ಣಾಗುತ್ತದೆ, ರೊಬಸ್ಟಾ ಹೊಸ ವರ್ಷದ ಆಚೀಚೆ. ಕಾಫಿ ಕಣದಲ್ಲಿ ಒಣಗುವ ಹೊತ್ತಿಗೆ ನಿಮ್ಮ ಅರ್ಜಿ ಕೋರ್ಟಿನಲ್ಲಿ ತಯಾರಿದ್ದರೆ, ಫಸಲು ಅಥವಾ ಅದು ಮಾರಿದ ಹಣ ಜಪ್ತಿಗೆ ಕೇಳಬಹುದು. ಮಳೆಗಾಲದಲ್ಲಿ ಅರ್ಜಿ ಸಿದ್ಧ ಮಾಡಿಕೊಳ್ಳುವುದು ಜಾಣತನ. ಅಮಲ್ಜಾರಿ ಅರ್ಜಿಗಳನ್ನು 6 ತಿಂಗಳಲ್ಲಿ ಮುಗಿಸಬೇಕು ಎಂದು ಸುಪ್ರೀಂ ಕೋರ್ಟ್ 2021ರಲ್ಲಿ ರಾಹುಲ್ ಷಾ ಪ್ರಕರಣದಲ್ಲಿ ಹೇಳಿದೆ. ತಾರೀಕು ಮೇಲೆ ತಾರೀಕು ಬೀಳುತ್ತಿದ್ದರೆ ಆ ತೀರ್ಪನ್ನು ನಿಮ್ಮ ವಕೀಲರಿಗೆ ನೆನಪಿಸಿ.

ಖರ್ಚಿನ ವಿಷಯ

ಮಡಿಕೇರಿಯಿಂದ ಬೆಂಗಳೂರಿಗೆ ರೈಲಿಲ್ಲ, ಬಸ್ಸಿನಲ್ಲಿ ಹೋಗಿಬರಲು ಒಂದು ದಿನದ ಕೂಲಿಯ ಜೊತೆ ಟಿಕೆಟ್ ಹಣವೂ ಹೋಗುತ್ತದೆ. ಈ ಕಾರಣಕ್ಕೇ ಕೈಬಿಟ್ಟವರ ಬಗ್ಗೆ ನನಗೆ ನಿಜಕ್ಕೂ ಸಂಕಟ. ನಿಂದನೆ ಅರ್ಜಿಯ ಪ್ರತಿ ತಾರೀಕಿಗೂ ನೀವು ಹೋಗಬೇಕಿಲ್ಲ. ವಕಾಲತ್ತು ಕೊಟ್ಟ ವಕೀಲರು ಇದ್ದರೆ ಸಾಕು. ಕೇಸಿನ ಸ್ಥಿತಿಯನ್ನು ಇ-ಕೋರ್ಟ್ಸ್ ಆ್ಯಪಿನಲ್ಲಿ ನೋಡಿಕೊಳ್ಳಬಹುದು.

ವಕೀಲರ ಫೀಸು ಕೊಡಲು ಆಗದಿದ್ದರೆ 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಂ ನೆನಪಿಡಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಕೈಗಾರಿಕಾ ಕಾರ್ಮಿಕರು ಆದಾಯ ಎಷ್ಟೇ ಇರಲಿ ಉಚಿತ ವಕೀಲರನ್ನು ಪಡೆಯಬಹುದು. ಹಾಡಿಗಳಿಂದ (ಆದಿವಾಸಿ ವಸತಿಗಳಿಂದ) ತೋಟದ ಕೆಲಸಕ್ಕೆ ಬರುವ ಯರವ, ಜೇನು ಕುರುಬ ಕುಟುಂಬಗಳಿಗೆ ಇದನ್ನು ಯಾರಾದರೂ ಕೂತು ತಿಳಿಸಿ ಹೇಳಬೇಕು, ಅವರಾಗಿಯೇ ಕಚೇರಿ ಹುಡುಕಿಕೊಂಡು ಬರುವುದು ಕಷ್ಟ. ಮಡಿಕೇರಿಯ ಜಿಲ್ಲಾ ಕೋರ್ಟಿನಲ್ಲಿರುವ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಆದೇಶದ ಪ್ರತಿ, ಆಧಾರ್, ಜಾತಿ ಪ್ರಮಾಣಪತ್ರ ಇದ್ದರೆ ಅದನ್ನೂ ತೆಗೆದುಕೊಂಡು ಹೋಗಿ. ಹೈಕೋರ್ಟಿನ ಕೇಸಿಗೆ ಅಲ್ಲಿನ ಕಾನೂನು ಸೇವಾ ಸಮಿತಿ ಬೇರೆ ಇದೆ, ಅರ್ಜಿಯನ್ನು ಅಲ್ಲಿಗೆ ಕಳಿಸಿಕೊಡಿ ಎಂದು ಇಲ್ಲೇ ಕೇಳಬಹುದು. ಹೋಗಲು ಆಗದಿದ್ದರೆ 15100ಕ್ಕೆ ಫೋನ್ ಮಾಡಿ. ಮಾತಿನ ಮೊದಲಿಗೇ ಗಡುವಿನ ದಿನಾಂಕ ಹೇಳಿ. ಒಂದು ವರ್ಷ ಮುಗಿಯಲು ಎಷ್ಟು ದಿನ ಉಳಿದಿದೆ ಎಂದು ಗೊತ್ತಾದರೆ ಅವರೂ ಅದಕ್ಕೆ ತಕ್ಕ ಹಾಗೆ ಕೆಲಸ ಮಾಡುತ್ತಾರೆ.